ಓಡ್ನಿ ಪರದೆ ಎಳೆಯದ ಸಂಜೆ

ಇಪ್ಪತ್ತೆರಡು ವರ್ಷ ಓಡ್ನಿ ರಂಗದ ಮೇಲೆ ಕಾಫಿ ತಂದುಕೊಟ್ಟಳು. ಕೆಲಸದವಳ ಪಾತ್ರ, ಚಿಕ್ಕಮ್ಮನ ಪಾತ್ರ, ಎರಡನೇ ಅಂಕದಲ್ಲಿ ಸಾಯುವ ವಿಧವೆಯ ಪಾತ್ರ. ಉತ್ತರ ನಾರ್ವೆಯ ಕರಾವಳಿಯಲ್ಲಿ ಊರೂರು ಅಲೆಯುವ ಆ ತಂಡದಲ್ಲಿ ತನ್ನ ಮಾತಷ್ಟೇ ಅಲ್ಲ, ಎಲ್ಲರ ಮಾತೂ ಅವಳಿಗೆ ಬಾಯಿಪಾಠ. ರಂಗದ ಪಕ್ಕದಲ್ಲಿ ನಿಂತು ಇನ್ನೊಬ್ಬರ ಪಾತ್ರಕ್ಕೆ ತುಟಿ ಆಡಿಸುತ್ತ, ಅಲ್ಲಿ ಕೂರಬಾರದಿತ್ತು, ಇಲ್ಲಿ ತಿರುಗಬೇಕಿತ್ತು ಎಂದು ಒಳಗೊಳಗೇ ಕುದಿಯುತ್ತಿದ್ದಳು. ನಲವತ್ಮೂರನೇ ವಯಸ್ಸಿಗೆ ಆ ಕುದಿ ಉಕ್ಕಿತು. ತಂಡದ ಯಜಮಾನ ಗುನ್ವಾಲ್ಡನ ಮುಂದೆ ನಿಂತು, ಮುಂದಿನ ನಾಟಕ ನಾನೇ ಆಡಿಸುತ್ತೇನೆ ಎಂದಳು.

ಗುನ್ವಾಲ್ಡ್ ಕೆಟ್ಟವನಲ್ಲ, ಪುಕ್ಕಲ. ಎರಡು ದಿನ ಗಡ್ಡ ಕೆರೆದುಕೊಂಡು ಒಪ್ಪಿದ. ಮೊದಲ ಪ್ರದರ್ಶನ ಬಿದ್ದರೆ ಅವಳು ಹಳೇ ಪಾತ್ರಗಳಿಗೇ ಮರಳಬೇಕು, ನಿರ್ದೇಶನದ ಮಾತು ಮತ್ತೆ ಎತ್ತಬಾರದು ಎಂದು ಮೊದಲೇ ಹೇಳಿಬಿಟ್ಟ.

ನಾಟಕ, ಕಾಡ್ ಎಂಬ ಕಡಲಮೀನು ಒಣಹಾಕುವ ಹೆಂಗಸರದು. ಮೊದಲ ಪ್ರದರ್ಶನ ಸ್ಕಾರ್ವಾಯ್ ದ್ವೀಪದಲ್ಲಿ, ಮೀನಿನ ಸುಗ್ಗಿಯ ಮಾರ್ಚ್ ತಿಂಗಳಲ್ಲಿ. ಚಳಿಗಾಲವಿಡೀ ಪಟ್ಟಣದಲ್ಲಿ ಮರದ ಮೀನು ಹಿಡಿದು ತಾಲೀಮು ಮಾಡಿದ್ದರು. ದ್ವೀಪಕ್ಕೆ ಇಳಿದದ್ದೇ ತಡ ಓಡ್ನಿ ಮರದ ಮೀನನ್ನೆಲ್ಲ ಪೆಟ್ಟಿಗೆಗೆ ತುಂಬಿಸಿ, ಬಂದರಿನಿಂದ ನಿಜವಾದ ಮೀನು ತರಿಸಿದಳು. ಅವಳ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಆ ಸಂಭ್ರಮದಲ್ಲಿ, ಜಾರುವ ನಿಜವಾದ ಮೀನಿನ ಬಾಲಕ್ಕೆ ಹುರಿಯ ಗಂಟು ಹಾಕುವುದನ್ನು ಯಾರಿಗೂ ಕಲಿಸಲೇ ಇಲ್ಲ.

ಸಂಜೆ ಏಳಕ್ಕೆ ಸಮುದಾಯ ಭವನ ತುಂಬಿತ್ತು. ನಾಯಕಿ ಸಿದ್ಸೆಲ್ ಎರಡು ಮೀನುಗಳ ಬಾಲ ಜೋಡಿಸಿ ಹುರಿ ಸುತ್ತಿ ಅಡ್ಡಗಳುವಿಗೆ ನೇತುಹಾಕಿದಳು. ಜಾರಿತು. ಧೊಪ್ಪನೆ ಬಿತ್ತು. ಮತ್ತೆ ಕಟ್ಟಿದಳು, ಮತ್ತೆ ಬಿತ್ತು. ಹಿಂದಿನ ಸಾಲಿನಲ್ಲಿ ಕಿಸಿಕಿಸಿ ಶುರುವಾಯಿತು. ಆಗ ಮುಂದಿನ ಸಾಲಿನಿಂದ ಒಬ್ಬ ಮುದುಕಿ ಎದ್ದಳು. ಐವತ್ತು ಸುಗ್ಗಿ ಕಂಡ ಪೆತ್ರೀನೆ. ಕೋಟು ಬಿಚ್ಚಿ ಕುರ್ಚಿಗೆ ಹಾಕಿ, ತೋಳು ಮಡಚಿ, ಸೀದಾ ರಂಗ ಹತ್ತಿದಳು.

"ಪರದೆ ಎಳಿ, ಮಾನ ಹೋಯ್ತು," ಎಂದ ಗುನ್ವಾಲ್ಡ್, ಪಕ್ಕದ ಕತ್ತಲಲ್ಲಿ.

ಪರದೆಯ ಹಗ್ಗ ಓಡ್ನಿಯ ಕೈಯಲ್ಲೇ ಇತ್ತು. ಇಪ್ಪತ್ತೆರಡು ವರ್ಷದ ಅಭ್ಯಾಸ, ರಂಗಕ್ಕೆ ನುಗ್ಗಿ ಏನಾದರೂ ಹೇಳಿ ಸಂಭಾಳಿಸಲು ಕಾಲು ತುಡಿಯುತ್ತಿತ್ತು. ಅವಳು ಕದಲಲಿಲ್ಲ.

"ಕೊಡೇ ಇಲ್ಲಿ," ಎಂದಳು ಪೆತ್ರೀನೆ. "ಎರಡು ಸುತ್ತು ಸುತ್ತಿ ಎಳ್ದು ಬಿಗಿ. ಹ್ಞಾ, ಹಾಗೆ."

ಸಿದ್ಸೆಲ್ ಬೇರೇನೂ ತೋಚದೆ, ನಾಟಕದ ಮುಂದಿನ ಮಾತನ್ನೇ ಆಡಿದಳು. "ನಮ್ಮವರ ದೋಣಿ ಇವತ್ತು ಬರುತ್ತಾ?"

ಮುದುಕಿ ಕತ್ತೆತ್ತಲಿಲ್ಲ. "ಬಂದ್ರೆ ಬರುತ್ತೆ. ನನ್ನವರದು ಬರ್ಲಿಲ್ಲ. ನೀನು ಕೈ ನಿಲ್ಲಿಸ್ಬೇಡ."

ಹಿಂದಿನ ಸಾಲಿನ ಕಿಸಿಕಿಸಿ ನಿಂತಿತು. ಪೆತ್ರೀನೆ ಇನ್ನೂ ನಾಲ್ಕು ಜೋಡಿ ಕಟ್ಟಿ, ಕೈ ಒರೆಸಿಕೊಂಡು, ತನ್ನ ಜಾಗಕ್ಕೆ ಹೋಗಿ ಕೂತಳು. ನಾಟಕ ಮುಂದುವರಿಯಿತು. ಕೊನೆಯಲ್ಲಿ ಆ ಜನ ಚಪ್ಪಾಳೆ ತಟ್ಟುವುದನ್ನೂ ಮರೆತು ಕೂತೇ ಇದ್ದರು. ಆಮೇಲೆ ಒಬ್ಬೊಬ್ಬರಾಗಿ ಎದ್ದು ನಿಂತರು.

ಗುನ್ವಾಲ್ಡ್ ಕಣ್ಣೊರೆಸಿಕೊಂಡ. ಗೆದ್ದೆ ಕಣೇ ಎಂದ. ಕೂಡಲೇ ಅವನ ಪುಕ್ಕಲುತನ ಹಿಂತಿರುಗಿತು. "ಆದ್ರೆ ನಾಳೆ ಬೇರೆ ಊರು. ಅಲ್ಲಿ ಈ ಅಜ್ಜಿ ಎಲ್ಲಿಂದ ಬರ್ತಾಳೆ?"

ಓಡ್ನಿ ಆಗಲೇ ಸಿದ್ಸೆಲ್‌ಳ ಕೈ ಹಿಡಿದಿದ್ದಳು. ಆ ಹುಡುಗಿ ಖುಷಿಯಿಂದ ಹೊಸ ಗಂಟನ್ನು ಮತ್ತೆ ಮತ್ತೆ ಹಾಕಿ ತೋರಿಸುತ್ತಿದ್ದಳು.

"ಚೆನ್ನಾಗಿ ಕಲ್ತೆ," ಎಂದಳು ನಿರ್ದೇಶಕಿ. "ನಾಳೆ ತಪ್ಪಾಗೇ ಕಟ್ಟು. ಅಲ್ಲೂ ಯಾರಾದ್ರೂ ಎದ್ದು ಬರೋವರೆಗೂ ಬೀಳಿಸ್ತಾನೇ ಇರು."