ಎಣ್ಣೆ ಕುಡಿದ ದೀಕ್ಷಾಸ್ನಾನದ ಪುಸ್ತಕ

ಬೆಳಿಗ್ಗೆ ಬಟ್ಟೆ ಒಗೆದು ಲಾಡ್ಜಿನ ಕಿಟಕಿಗೆ ಹರವಿದೆ, ನನ್ನ ಮಾತ್ರೆ ಕೊಂಡೆ, ಇಬ್ಬರೂ ತಿಪಟೂರಿನಲ್ಲಿ ಬಸ್ ಹಿಡಿದೆವು. ಕಂದಿಕೆರೆ ಆಚೆಯ ಪುಟ್ಟ ಲೂಥರನ್ ಚರ್ಚಿನ ಹಳೆಯ ದೀಕ್ಷಾಸ್ನಾನದ ಪುಸ್ತಕದಲ್ಲಿ ತೀರಿಹೋದ ತನ್ನ ಅವ್ವನ ಹೆಸರನ್ನೊಮ್ಮೆ ನೋಡಬೇಕೆಂದು ನನ್ನ ಹೆಂಡತಿ ಮಾರ್ತಾಳ ಆಸೆ. ಅವ್ವನದೊಂದು ಫೋಟೋ ಕೂಡ ಅವಳಲ್ಲಿಲ್ಲ.

ಚರ್ಚ್ ನೋಡಿಕೊಳ್ಳುವ ಯೋನಪ್ಪನವರು ತಮ್ಮ ಮನೆಯ ಅಟ್ಟದಲ್ಲಿದ್ದ ಕೊಬ್ಬರಿ ಮೂಟೆಗಳ ಅಡಿಯಿಂದ ಆ ಪುಸ್ತಕವನ್ನು ಎಳೆದು ತಂದರು.

“ಗೆದ್ದಲು ಚರ್ಚಿನ ಬಾಗ್ಲನ್ನೇ ತಿಂದ್‌ಬುಡ್ತು ಕಣಮ್ಮ. ಕೊಬ್ಬರಿ ಇರೋ ಜಾಗ ಒಣಗಿರ್ತದೆ ಅಂತ ಇಲ್ಲಿ ಮಡಗಿದ್ದೆ.”

ಬೇಸಿಗೆಗಳಲ್ಲಿ ಕೊಬ್ಬರಿಯಿಂದ ಜಿನುಗಿದ ಎಣ್ಣೆ ಕುಡಿದು ಹಾಳೆಗಳು ಗಾಜಿನಂತಾಗಿದ್ದವು. ಎರಡು ಬದಿಯ ಹೆಸರುಗಳೂ ಒಂದರೊಳಗೊಂದು ಸೇರಿಹೋಗಿದ್ದವು. ಮಾರ್ತಾ ಒಂದೊಂದು ಹಾಳೆಯನ್ನೂ ಬೆಳಕಿಗೆ ಹಿಡಿದಳು. ಒಂದು ಹೆಸರೂ ಓದಲಾಗಲಿಲ್ಲ.

“ಬುಡಣ್ಣ, ಎಲ್ಲಾರೂ ಒಟ್ಟಿಗವ್ರೆ,” ಅಂದಳು ಯೋನಪ್ಪನವರಿಗೆ.

ಲಾಡ್ಜಿಗೆ ಮರಳಿದ ಮೇಲೆ, ಕಟ್ಟಿಸಿಕೊಂಡು ಬಂದಿದ್ದ ಚಿತ್ರಾನ್ನವನ್ನು ನಾನೊಬ್ಬನೇ ತಿಂದೆ. ಅವಳು ಪುಸ್ತಕದ ಎಣ್ಣೆ ಹತ್ತಿದ ಕೈ ತೊಳೆಯದೆ, ಅದನ್ನೇ ಕೆನ್ನೆಗಿಟ್ಟುಕೊಂಡು ನನಗಿಂತ ಮೊದಲು ಮಲಗಿದಳು.