ಗುಬ್ಬಚ್ಚಿ ಬರೆದ ಗೋಡೆ

ಸ್ಟೂಲು ಹತ್ತಿ ನಿಂತರೂ ಅಡುಗೆಮನೆಯ ಮೇಲಿನ ಶೆಲ್ಫಿನ ಡಬ್ಬಿ ಅವಳ ಕೈಗೆ ಸಿಗುತ್ತಿರಲಿಲ್ಲ. ಅಷ್ಟು ಪುಟ್ಟ ಹೆಂಗಸು. ಅದಕ್ಕೇ ಬೀದಿಯವರೆಲ್ಲ ಅವಳನ್ನು ಗುಬ್ಬಚ್ಚಿ ಎನ್ನುತ್ತಿದ್ದರು. ಗಂಡ ಬೋರ್ಡು ಬರೆಯುವ ಪೇಂಟರ್. ಅವನು ಅಕ್ಷರದ ಅಂಚು ಎಳೆದುಕೊಡುತ್ತಿದ್ದ, ಇವಳು ನೆಲದ ಮೇಲೆ ಕಾಲು ಮಡಚಿ ಕೂತು ಒಳಗೆ ಬಣ್ಣ ತುಂಬುತ್ತಿದ್ದಳು. ಮದುವೆಯಾದ ಹೊಸತರಿಂದಲೂ ಇದೇ. ಊರಿನ ಅರ್ಧ ಅಂಗಡಿಗಳ ಹೆಸರಿನ ಹೊಟ್ಟೆ ತುಂಬಿಸಿದವಳು ಅವಳೇ. ಆದರೆ ಯಾರಾದರೂ ಚೆನ್ನಾಗಿ ಬರೆದಿದ್ದೀರಿ ಎಂದರೆ ಸಾಕು, "ಬರೆಯೋರು ಅವರು, ನಾನು ಬರೀ ತುಂಬೋಳು" ಎಂದು ಬ್ರಷ್ ತೊಳೆಯಲು ಎದ್ದುಬಿಡುತ್ತಿದ್ದಳು.

ಹೀಗಿರುವಾಗ ಕೆಲಸಕ್ಕೆ ಹೋಗುವ ಹೆಣ್ಣುಮಕ್ಕಳ ಹಾಸ್ಟೆಲ್ಲಿನಿಂದ ಒಂದು ದೊಡ್ಡ ಆರ್ಡರ್ ಬಂತು. ನಾಲ್ಕು ಮಹಡಿಯ ಕಟ್ಟಡ, ರಸ್ತೆಗೆ ಮುಖ ಮಾಡಿದ ಬೋಳು ಗೋಡೆ, ಅದರ ನೆತ್ತಿಯ ಮೇಲೆ ಆಳೆತ್ತರದ ಅಕ್ಷರಗಳು. ಕಬ್ಬಿಣದ ಕೊಳವೆಗಳ ಅಟ್ಟಣಿಗೆ ಕಟ್ಟಿದ್ದೂ ಆಯಿತು. ಅದೇ ಬೆಳಿಗ್ಗೆ ಪೇಂಟರ್ ಬಚ್ಚಲಲ್ಲಿ ಸೋಪಿನ ಮೇಲೆ ಕಾಲಿಟ್ಟು ಬಿದ್ದು, ಬಲಗೈ ಮಣಿಕಟ್ಟು ಮುರಿದುಕೊಂಡ. ಎಷ್ಟೋ ಕಟ್ಟಡ ಹತ್ತಿ ಇಳಿದ ಮನುಷ್ಯ ಬಿದ್ದದ್ದು ಸಪಾಟು ನೆಲದಲ್ಲಿ.

"ಬೇರೆ ಯಾರನ್ನಾದ್ರೂ ಕಳಿಸ್ತೀನಿ ಅಂತ ಹೇಳ್ಬಿಡ್ತೀನಿ," ಎಂದ ಅವನು, ಕೈಗೆ ಪಟ್ಟಿ ಕಟ್ಟಿಸಿಕೊಂಡು ಬಂದು.

ಅತ್ತೆ ಮೂಲೆಯ ಕುರ್ಚಿಯಿಂದ ತಲೆ ಎತ್ತಿದರು. ಅವರಿಗೆ ಕಿವಿ ಸ್ವಲ್ಪ ಮಂದ. ಕಣ್ಣು ಮಾತ್ರ ಹದ್ದಿನದು. "ಬೇರೆ ಯಾರು ಯಾಕೆ? ಮನೇಲೇ ಒಬ್ಬಳಿದ್ದಾಳಲ್ಲ."

"ಅತ್ತೆ, ನಂಗೆ ತುಂಬೋದು ಬಿಟ್ಟು ಇನ್ನೇನು ಬರುತ್ತೆ?"

"ಇವನು ಎಳೆದ ಗೆರೆ ಸೊಟ್ಟಗಿದ್ದಾಗೆಲ್ಲ ತುಂಬೋ ನೆಪದಲ್ಲಿ ನೀನು ನೆಟ್ಟಗೆ ಮಾಡ್ತೀಯ. ನಾನು ನೋಡಿಲ್ಲ ಅಂದ್ಕೊಂಡಿದ್ದೀಯಾ?"

ಪೇಂಟರ್ ಹೆಂಡತಿಯ ಮುಖ ನೋಡಿದ. "ನೆಟ್ಟಗೆ ಮಾಡ್ತೀಯಾ?"

"ಅಪರೂಪಕ್ಕೆ," ಎಂದಳು ಗುಬ್ಬಚ್ಚಿ. ಅವಳ ಕಿವಿ ಕೆಂಪಾಗಿತ್ತು.

ಮರುದಿನ ಮೂವರೂ ಹಾಸ್ಟೆಲ್ಲಿನ ಮುಂದೆ ಹಾಜರು. ಎದುರು ಫುಟ್‌ಪಾತಿನಲ್ಲಿ ಕೊಡೆ ಹಿಡಿದು ಅತ್ತೆ ಕುರ್ಚಿ ಹಾಕಿಕೊಂಡರು, ಅಕ್ಷರ ವಾಲಿದರೆ ಹೇಳುವುದು ಅವರ ಕೆಲಸ. ಹಾಸ್ಟೆಲ್ಲಿನ ವಾರ್ಡನ್ ಬಂದು ಬರೆಯಬೇಕಾದ ವಾಕ್ಯ ಓದಿ ಹೇಳಿದರು. ಅದು ಕಮಿಟಿಯವರು ಆರಿಸಿದ್ದು: "ಹೆಣ್ಣೇ, ನಿನ್ನ ಶಕ್ತಿ ನಿನ್ನ ತಾಳ್ಮೆಯಲ್ಲಿದೆ". ವಾರ್ಡನ್ ಬಿಗಿಯಾದ ಹೆಂಗಸು. ಅವರು ನಕ್ಕದ್ದನ್ನು ಕಂಡವರು ಆ ಕಟ್ಟಡದಲ್ಲೇ ಇರಲಿಲ್ಲ.

ಸೊಂಟಕ್ಕೆ ಹಗ್ಗ ಬಿಗಿದುಕೊಂಡು ಗುಬ್ಬಚ್ಚಿ ಏಣಿ ಹತ್ತಿದಳು. ಮೊದಲ ಮಹಡಿ ಸಲೀಸಾಗಿ ದಾಟಿದಳು. ಎರಡನೆಯದರಲ್ಲಿ, ನೋಡಬಾರದೆಂದುಕೊಂಡಿದ್ದರೂ ಕೆಳಗೆ ನೋಡಿಬಿಟ್ಟಳು. ಅತ್ತೆಯ ಕೊಡೆ ಅಂಗಿಯ ಗುಂಡಿಯಷ್ಟಾಗಿತ್ತು. ತಬ್ಬಿಕೊಳ್ಳಲು ಸಿಕ್ಕ ಕೊಳವೆಯನ್ನು ತಬ್ಬಿ ಕಣ್ಣು ಮುಚ್ಚಿದಳು.

"ಅತ್ತೇ, ನನ್ ಕೈಲಾಗಲ್ಲ."

"ಏನು?"

"ಹೆದರಿಕೆ."

"ಏನಂದೆ? ಗಟ್ಟಿಯಾಗಿ ಹೇಳೇ."

"ಹೆದರಿಕೆ ಆಗ್ತಿದೆ ಅಂದೆ," ಎಂದು ಅವಳು ಬೀದಿಗೆ ಬೀದಿಯೇ ಕೇಳುವಂತೆ ಕೂಗಿದಳು. ಬಸ್ಸಿಗೆ ಕಾದಿದ್ದವರೆಲ್ಲ ತಲೆ ಎತ್ತಿದರು.

ಅತ್ತೆ ಕೊಡೆ ಪಕ್ಕಕ್ಕೆ ಸರಿಸಿದರು. "ಅಷ್ಟೇನಾ? ಹೆದರಿಕೆ ಇರಲಿ, ಹತ್ತು."

ಉಪ್ಪು ಡಬ್ಬಿಯಲ್ಲೇ ಇರಲಿ ಎಂದಷ್ಟೇ ಸಲೀಸಾಗಿತ್ತು ಆ ಮಾತು. ಹೆದರಿಕೆಯನ್ನು ಕೆಳಗಿಟ್ಟು ಬಾ ಎಂದೂ ಹೇಳಲಿಲ್ಲ, ಹೆದರಬೇಡ ಎಂದೂ ಹೇಳಲಿಲ್ಲ. ಗುಬ್ಬಚ್ಚಿಗೆ ಯಾಕೋ ನಗು ಬಂತು. ನಗುತ್ತಲೇ ಒಂದು ಕಾಲು ಮೇಲಿಟ್ಟಳು, ನಡುಗುತ್ತಲೇ ಇನ್ನೊಂದು. ಪಕ್ಕದ ಮೆಟ್ಟಿಲ ಕಿಟಕಿಗಳಲ್ಲಿ ಹಾಸ್ಟೆಲ್ಲಿನ ಹುಡುಗಿಯರು, ಹಲ್ಲುಜ್ಜುವ ಬ್ರಷ್ ಬಾಯಲ್ಲೇ ಇದ್ದವರು, ತಲೆಗೆ ಟವೆಲ್ ಸುತ್ತಿಕೊಂಡವರು, ಎಲ್ಲ ಗುಂಪುಗೂಡಿ "ಹೆದರಿಕೆ ಇರಲಿ, ಹತ್ತು" ಎಂದು ರಾಗವಾಗಿ ಹೇಳತೊಡಗಿದರು.

ತುದಿ ಮುಟ್ಟಿದಾಗ ಗಾಳಿ ಅವಳ ಕಿವಿ ಹಿಂಡಿತು. ಊರು ಕಾಲ ಬುಡದಲ್ಲಿ ಬಿಚ್ಚಿಕೊಂಡಿತ್ತು. ಯಾರದೋ ತಾರಸಿಯಲ್ಲಿ ಒಣಹಾಕಿದ ಪಟ್ಟೆಪಟ್ಟೆ ಪೈಜಾಮ ಗಾಳಿ ತುಂಬಿ ಕುಣಿಯುತ್ತಿತ್ತು. ಅದರ ಪಕ್ಕದಲ್ಲಿ ಒಬ್ಬ ದಢೂತಿ ಮನುಷ್ಯ, ಯಾರೂ ನೋಡುತ್ತಿಲ್ಲವೆಂದು ನಂಬಿ, ತಾನೂ ಕುಣಿಯುತ್ತಿದ್ದ. ಇಷ್ಟು ವರ್ಷ ನೆಲದ ಮೇಲೆ ಕೂತು ತಾನು ಎಂಥ ತಮಾಷೆ ತಪ್ಪಿಸಿಕೊಂಡೆ ಎನ್ನಿಸಿ ಗುಬ್ಬಚ್ಚಿಗೆ ನಗು ತಡೆಯಲಾಗಲಿಲ್ಲ. ಅವಳು ನಕ್ಕ ಹೊಡೆತಕ್ಕೆ ಹಲಗೆ ಅಲುಗಾಡಿತು, ಅದಕ್ಕೆ ಇನ್ನಷ್ಟು ನಗು ಬಂತು. ಮೊದಲ ಅಕ್ಷರದ ಗೆರೆಯನ್ನು ಅವಳು ಎಳೆದದ್ದು ಕಣ್ಣೀರು ಒರೆಸಿಕೊಂಡೇ. ಸಂಜೆಯ ಹೊತ್ತಿಗೆ ಗೋಡೆಯ ಮೇಲೆ ಒಂದು ಕೆಂಪು "ಹೆ" ಮೂಡಿತ್ತು, ದುಂಡಗೆ, ಊಟ ಮಾಡಿ ಎದ್ದ ಹಾಗೆ.

"ವಾಲಿಲ್ಲ," ಎಂದರು ಅತ್ತೆ. ಅವರ ಬಾಯಲ್ಲಿ ಅದೇ ದೊಡ್ಡ ಹೊಗಳಿಕೆ.

ಮನೆಯಲ್ಲಿ ಪೇಂಟರ್ ಎಡಗೈಯಲ್ಲಿ ಊಟ ಮಾಡುತ್ತ ಮೆಲ್ಲಗೆ ಹೇಳಿದ, "ನಂಗೂ ಪ್ರತಿ ಸಲ ಹೆದರಿಕೆ ಆಗುತ್ತೆ, ಕಣೇ."

"ಒಂದಿನಾನೂ ಹೇಳಲೇ ಇಲ್ಲವಲ್ಲ."

"ನೀನು ಕೇಳಲೇ ಇಲ್ಲ. ಹತ್ತೋಕೆ ಮುಂಚೆ ಕೆಳಗೆ ನಿಂತು ಶಿಳ್ಳೆ ಹೊಡೀತಿದ್ದೆನಲ್ಲ, ಅದು ಖುಷಿಗಲ್ಲ."

ಅವಳು ತಿನ್ನುತ್ತಿದ್ದುದು ನೆತ್ತಿಗೇರುವಷ್ಟು ನಕ್ಕಳು. ಅವನೂ ನಕ್ಕ. ಏನಾಯಿತೆಂದು ಕೇಳಿಸದಿದ್ದರೂ ಅತ್ತೆಯೂ ಸೇರಿಕೊಂಡರು.

ಮಾರನೆಯ ಬೆಳಿಗ್ಗೆ ಹಾಸ್ಟೆಲ್ಲಿನ ಬಾಗಿಲಲ್ಲಿ ಹುಡುಗಿಯರ ಒಂದು ದಂಡೇ ವಾರ್ಡನ್‌ರನ್ನು ಸುತ್ತುವರಿದಿತ್ತು. ಅವರ ಪೈಕಿ ದಪ್ಪ ಕನ್ನಡಕದ ಹುಡುಗಿಯೊಬ್ಬಳು ಹಿಂದಿನ ದಿನ ಆಫೀಸಿನ ಮೀಟಿಂಗಿನಲ್ಲಿ ಮೊದಲ ಬಾರಿಗೆ ಬಾಯಿ ಬಿಟ್ಟಿದ್ದಳಂತೆ. "ಎದೆ ಡವಡವ ಅಂತಾನೇ ಇತ್ತು, ಮೇಡಂ. ಇರಲಿ ಅಂತ ಎದ್ದು ನಿಂತು ಮಾತಾಡ್ದೆ. ತಾಳ್ಮೆ ನಮ್ಮ ಹತ್ರ ಬೇಕಾದಷ್ಟಿದೆ. ಗೋಡೆ ಮೇಲೆ ಅಜ್ಜಿ ಮಾತೇ ಇರಲಿ."

"ಕಮಿಟಿ ಒಪ್ಪಿದ ವಾಕ್ಯ ಅದು," ಎಂದರು ವಾರ್ಡನ್. ತಲೆ ಎತ್ತಿ ಗೋಡೆಯನ್ನು ಬಹಳ ಹೊತ್ತು ನೋಡಿದರು. ಆಮೇಲೆ ಗುಬ್ಬಚ್ಚಿಯನ್ನು ಪಕ್ಕಕ್ಕೆ ಕರೆದು ಕೇಳಿದರು, "ಬೇರೆ ಬರೆದ್ರೆ, ಆ 'ಹೆ' ಅಳಿಸಬೇಕಾಗುತ್ತಾ?"

"ಇಲ್ಲ ಮೇಡಂ. ಅದೂ 'ಹೆ' ಇಂದಾನೇ ಶುರು."

"ಹಾಗಾದ್ರೆ ಬರೀರಿ. ಕಮಿಟಿಗೆ ನಾನು ಉತ್ತರ ಹೇಳ್ತೀನಿ."

ಮುಂದಿನ ದಿನಗಳು ಜಾತ್ರೆ. ಕೊನೆಯ ಅಕ್ಷರ ಮುಗಿದ ಸಂಜೆ ಕೆಂಪು ಬಣ್ಣ ತಳ ಕಂಡಿತು, ನಡುವಿನ ಅಲ್ಪವಿರಾಮ ಮಾತ್ರ ಉಳಿಯಿತು. ಒಂದು ರಾತ್ರಿ ಕಳೆಯುವಷ್ಟರಲ್ಲಿ ಆ ಚುಕ್ಕೆಯಿಲ್ಲದೆ ಗೋಡೆ ಫಜೀತಿ ಮಾಡಿತು.

"ಹೆದರಿಕೆ ಇರಲಿ ಹತ್ತು," ಎಂದು ಓದಿಕೊಂಡ ಬೀಗ ರಿಪೇರಿಯವನು ಪೇಂಟರನ್ನು ತಡೆದು ನಿಲ್ಲಿಸಿದ. "ಹತ್ತೇ ಯಾಕೆ? ಯಾವ್ಯಾವ ಹತ್ತು?"

"ಒಂದು ನಮ್ಮಮ್ಮ," ಎಂದ ಪೇಂಟರ್. "ಉಳಿದ ಒಂಬತ್ತು ನೀವೇ ನೋಡ್ಕೊಳ್ಳಿ."

ಗುಬ್ಬಚ್ಚಿ ಬಣ್ಣದ ಡಬ್ಬಿ ಹಿಡಿದು ಓಡಿದಳು. ಇನ್ನು ಯಾರೂ ಎಣಿಸಲು ಕೂರದಿರಲೆಂದು ಕುಂಬಳಕಾಯಿ ಗಾತ್ರದ ಅಲ್ಪವಿರಾಮ ಬರೆದಳು. ಅತ್ತೆ ಕೆಳಗಿನಿಂದ ಸಮ್ಮತಿ ಸೂಚಿಸಿದರು.

ಅಟ್ಟಣಿಗೆ ಬಿಚ್ಚುವವರು ಬಂದು ಬೋಲ್ಟು ಸಡಿಲಿಸುವ ಪಾನಾ ಕೈಗೆತ್ತಿಕೊಂಡಾಗ ವಾರ್ಡನ್ ಹೊರಗೆ ಬಂದರು. ಚಪ್ಪಲಿ ಬಿಟ್ಟು ಅತ್ತೆಯ ಕುರ್ಚಿಯ ಪಕ್ಕ ಜೋಡಿಸಿಟ್ಟರು. "ಒಂದ್ಸಲ ನಾನೂ ಹತ್ತಬಹುದಾ?" ಎಂದರು, ಅತ್ತಿತ್ತ ನೋಡಿ.

ಗುಬ್ಬಚ್ಚಿ ಅವರ ಸೊಂಟಕ್ಕೆ ಹಗ್ಗ ಬಿಗಿದು ಬೆನ್ನ ಹಿಂದೆಯೇ ಹತ್ತಿದಳು. ಎರಡನೆಯ ಮಹಡಿಯಲ್ಲಿ ಯಥಾಪ್ರಕಾರ ಕೊಳವೆ ತಬ್ಬಿದ್ದಾಯಿತು, ಈ ಸಲ ಇಬ್ಬರೂ. ಮೇಲೆ ಹಲಗೆಯ ಮೇಲೆ ಕಾಲು ಇಳಿಬಿಟ್ಟು ಕೂತ ವಾರ್ಡನ್ ಮೊದಲು ಮುಗುಳ್ನಕ್ಕರು, ಆಮೇಲೆ ಬಿಕ್ಕಳಿಸಿದರು, ಆಮೇಲೆ ಬಿದ್ದುಬಿದ್ದು ನಕ್ಕರು. ಕೆಳಗೆ ಆಫೀಸಿನ ಫೋನು ಹೊಡೆದುಕೊಂಡೇ ಇತ್ತು. "ಕಮಿಟಿಯವರೇ ಇರಬೇಕು," ಎಂದು ಇನ್ನಷ್ಟು ನಕ್ಕರು. ಪಾನಾ ಹಿಡಿದವರನ್ನು ಅತ್ತೆ, "ಸ್ವಲ್ಪ ಕೂತ್ಕೊಳ್ರಪ್ಪಾ, ಅವಸರ ಏನು?" ಎಂದು ಹಿಡಿದಿಟ್ಟುಕೊಂಡರು.

ಆಮೇಲೆ ಗುಬ್ಬಚ್ಚಿ ನೀರಿನ ಟ್ಯಾಂಕು ಬರೆದಳು, ಸಿನಿಮಾ ಮಂದಿರ ಬರೆದಳು. ಎರಡನೆಯ ಮಹಡಿಯೆತ್ತರದಲ್ಲಿ ಈಗಲೂ ಹೆದರಿಕೆ ಆಗುತ್ತದೆ, ತುದಿಯಲ್ಲಿ ಈಗಲೂ ನಗು ಬರುತ್ತದೆ. ಪೇಂಟರನ ಮಣಿಕಟ್ಟು ಕೂಡಿಕೊಂಡಿದೆ. ಕೆಲವು ಗೋಡೆಗೆ ಅವನು ಗೆರೆ ಎಳೆಯುತ್ತಾನೆ, ಕೆಲವಕ್ಕೆ ಅವಳು ಎಳೆದರೆ ಅವನು ಬಣ್ಣ ತುಂಬುತ್ತಾನೆ. ಅವನು ಅಂಚು ದಾಟಿ ಬಣ್ಣ ಮೆತ್ತಿದಾಗ ಅವಳು ಬಾಯಿ ಬಿಟ್ಟೇ ಬೈಯುತ್ತಾಳೆ.

ಮೊನ್ನೆ ಊಟದ ಹೊತ್ತಿಗೆ ಫೋನು ಬಂತು. ಅವಳೇ ಎತ್ತಿಕೊಂಡಳು.

"ಪೇಂಟರ್ ಇದ್ದಾರಾ?" ಎಂದಿತು ಆ ಕಡೆಯ ದನಿ.

ಗಂಡ ಕೈ ಒರೆಸಿಕೊಂಡು ಏಳುವುದರಲ್ಲಿದ್ದ. ಅವಳು ಅವನತ್ತ ತಿರುಗಲೂ ಇಲ್ಲ.

"ಇದ್ದೀನಿ," ಎಂದಳು. "ಎಷ್ಟೆತ್ತರದ ಗೋಡೆ, ಹೇಳಿ."