ಟಾಕಿಯ ಅಪ್ಪ ಆಡಿದ ಒಂದೇ ಮಾತು

ನಾನು ಮಾತು ಬರೆದ ಮೊದಲ ಟಾಕಿ ಸಿನಿಮಾ ಶಿರಸಿಗೆ ಬರುತ್ತದೆಂದು ತಿಳಿದಾಗ ನೆಂಟರೆಲ್ಲ ಹಿಗ್ಗಿದರು. ನನಗೆ ಮಾತ್ರ ಹೆದರಿಕೆಯಾಯಿತು. ಅದರಲ್ಲಿ ಭಾವನ ಗುಟ್ಟೊಂದಿತ್ತು, ಅವರನ್ನು ಕೇಳದೆ ಎತ್ತಿ ಬರೆದಿದ್ದೆ.

ಭಾವ ಅಂದರೆ ನನ್ನ ಅಕ್ಕನ ಗಂಡ, ವಾನಳ್ಳಿಯವರು. ಯಕ್ಷಗಾನದ ತಾಳಮದ್ದಳೆಯಲ್ಲಿ ಪಾತ್ರ ವಹಿಸಿ ಅರ್ಥ ಹೇಳಲು ಕೂತರೆ ಎದುರಿನವನು ಬೆವರಬೇಕು, ಅಂಥ ಮಾತುಗಾರ. ಸಿದ್ದಾಪುರದಲ್ಲಿ ಮಾಸ್ತರಿಕೆ ಮಾಡುತ್ತಿದ್ದ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಒಂದು ಪ್ರಶ್ನೆಗೆ ಅರ್ಧ ತಾಸು ಉತ್ತರ ಹೇಳುವ ವಿದ್ಯೆ ಕಲಿಸಿದ್ದರು.

ಆ ವಿದ್ಯೆಯೇ ಮುಳುವಾಯಿತು. ಕೊಲ್ಲಾಪುರದ ಟಾಕಿ ಕಂಪನಿಯೊಂದು, ಗಂಡನ ಮನೆಗೆ ಹೊರಟ ಮಗಳನ್ನು ಅಪ್ಪ ಬೀಳ್ಕೊಡುವ ದೃಶ್ಯ ಬರೆದು ಕಳಿಸಿ, ಹಿಡಿಸಿದರೆ ಕೆಲಸ ಕೊಡುತ್ತೇವೆ ಎಂದಿತ್ತು. ನಾನು ಅಪ್ಪನಿಂದ ಹನ್ನೆರಡು ಪುಟ ಮಾತಾಡಿಸಿದೆ. ಈ ಅಪ್ಪನ ಮಾತು ಮುಗಿಯುವ ಮೊದಲೇ ನಮ್ಮ ಫಿಲ್ಮು ಮುಗಿಯುತ್ತದೆ ಎಂದು ಕಾಗದ ಬಂತು. ಸಿಟ್ಟು ನೆತ್ತಿಗೇರಿತು. ಎಷ್ಟು ಹೊಡೆದು ಹಾಕಿದರೂ ಆರು ಪುಟದ ಕೆಳಗೆ ಇಳಿಯಲಿಲ್ಲ.

ಆ ವಾರವೇ ಭಾವನ ಮಗಳು ಹೊಸ ಗಂಡನ ಸಂಗಡ ಯಲ್ಲಾಪುರದಲ್ಲಿ ಹುಬ್ಬಳ್ಳಿಯ ಮೋಟಾರು ಬಸ್ಸು ಹತ್ತುವವಳಿದ್ದಳು. ಭಾವನ ಜೊತೆ ನಾನೂ ಹೋದೆ. ಅವರು ಏನಾದರೂ ಹೇಳಿಯಾರು, ಬರೆದುಕೊಳ್ಳೋಣ ಎಂಬ ದುರಾಸೆ. ಮೋಟಾರು ಓಡಿಸುವ ಸಾಹೇಬರು ಹಾರ್ನ್ ಒತ್ತಿದರು. ಹುಡುಗಿ ಕಣ್ಣು ತುಂಬಿಕೊಂಡು ಕಿಟಕಿಯಿಂದ ನೋಡಿದಳು. ಭಾವ ಬಾಯಿ ತೆರೆದರು, ಮಾತು ಹೊರಡಲಿಲ್ಲ. ಕೊನೆಗೆ, "ಕೂಸೇ, ಕೈ ಹೊರಗೆ ಹಾಕಡ" ಎಂದರು. ಕೈ ಹೊರಗೆ ಹಾಕಬೇಡ ಅಂತ, ಅಷ್ಟೇ.

ಮೋಟಾರು ಮರೆಯಾದ ಮೇಲೆ ನನ್ನ ಕಡೆ ನೋಡದೆ, "ಇದ್ನ ಯಾರ ಹತ್ರವೂ ಹೇಳಡ" ಎಂದರು.

ನಾನು ಹೇಳಲಿಲ್ಲ, ಬರೆದೆ. ಮೋಟಾರಿನ ಜಾಗದಲ್ಲಿ ರೈಲು ಇಟ್ಟೆ, ಮಾತು ಅದೇ. ಕಂಪನಿಯವರು ಒಪ್ಪಿದರು. ಮಾಸ್ತರಿಕೆ ಬಿಟ್ಟು ಕೊಲ್ಲಾಪುರ ಸೇರಿದೆ. ಆಮೇಲೆ ಉಂಡ ಅನ್ನವೆಲ್ಲ ಆ ಒಂದು ಸಾಲಿನದು ಎಂದರೂ ಸುಳ್ಳಲ್ಲ. ಆದರೆ ಭಾವನ ಎದುರು ಮುಖವೆತ್ತಿ ನಿಲ್ಲುವುದು ಹೇಗೆಂದು ತಿಳಿಯದೆ, ವರ್ಷವಾದರೂ ಊರ ಕಡೆ ಸುಳಿಯಲಿಲ್ಲ.

ಈಗ ಶಿರಸಿಯಲ್ಲಿ ಟಾಕಿ ತೋರಿಸುವ ಡೇರೆಗೆ ನೆಂಟರು ನನ್ನನ್ನು ಬಿಡದೆ ಕರೆಸಿಕೊಂಡರು, ಭಾವ ನನ್ನ ಪಕ್ಕದಲ್ಲೇ ಕೂತರು. ಆ ದೃಶ್ಯ ಬಂದಾಗ ನಾನು ಪರದೆ ನೋಡಲಿಲ್ಲ, ನೆಲ ನೋಡುತ್ತಿದ್ದೆ. ಹಿಂದೆ ಯಾರೋ ಮೂಗು ಒರೆಸಿಕೊಂಡರು.

ಆಟ ಮುಗಿಸಿ ಹೊರಗೆ ಬಂದಾಗ ಅವರೇ ಮಾತು ತೆಗೆದರು. "ಎಲ್ಲ ಚೊಲೋ ಇದ್ದು. ಆದ್ರೆ ಆ ಅಪ್ಪ ನಾಕು ಮಾತಾದ್ರೂ ಆಡಕಾಗಿತ್ತು ಮಾರಾಯ. ಮಗಳು ಹೋಪಾಗ ಗರ ಬಡಿದವರ ಹಾಂಗೆ ನಿಂತ್ರೆ ಹೆಂಗೆ?"

"ಹೌದು ಭಾವ, ತಪ್ಪಾತು" ಎಂದೆ. ಬೈಗುಳವಿಲ್ಲ, ಮುನಿಸಿಲ್ಲ. ವರ್ಷದಿಂದ ಹೊತ್ತಿದ್ದ ಹೊರೆ ಇಳಿದು ನನಗೆ ನಗು ಬರುವಂತಾಯಿತು.

"ಎನ್ನ ಕೇಳಿದ್ರೆ ಆನೇ ಹೇಳಿಕೊಡ್ತಿದ್ದಿ" ಎಂದು, ಆ ಅಪ್ಪನ ಮಾತನ್ನು ತಾವೇ ಹೇಳಿಕೊಡಲು ಶುರು ಮಾಡಿದವರು, ನಾವು ಉಳಿದುಕೊಂಡಿದ್ದ ನೆಂಟರ ಮನೆಯ ಬಾಗಿಲ ತನಕ ನಿಲ್ಲಿಸಲಿಲ್ಲ. ಹೊಸ ಊರಲ್ಲಿ ಹೆದರಬೇಡ, ಊಟ ಬಿಡಬೇಡ, ಬೇಸರ ಬಂದರೆ ಕಾಗದ ಹಾಕು, ನಾನೇ ಬಂದು ಕರೆದುಕೊಂಡು ಬರುತ್ತೇನೆ. ಅವರು ಹೇಳುತ್ತಿದ್ದುದು ಟಾಕಿಯ ಹುಡುಗಿಗಲ್ಲ, ಯಲ್ಲಾಪುರದಲ್ಲಿ ಮೋಟಾರು ಹತ್ತಿದ ತಮ್ಮ ಕೂಸಿಗೆ ಎಂದು ನನಗೆ ಆಗ ತಿಳಿಯಿತು. ಮನೆ ಬಂದರೂ ನಾನು ಕದ ತಟ್ಟದೆ, ಅವರು ಮುಗಿಸುವವರೆಗೆ ಕೇಳುತ್ತ ನಿಂತೆ.